ಸಹಾಯ ಬೇಕು: ‘ಎಥ್ನೋಮೇನಿಯಾ’ ಪದಕ್ಕೆ ಕನ್ನಡದಲ್ಲಿ ಏನೆನ್ನಬೇಕು?

ಬಲ್ಲವರಿಗೆ ನಮಸ್ಕಾರ. ಚಿತ್ರದುರ್ಗದಿಂದ ಬರೆಯುತ್ತಿದ್ದೇನೆ. ಕಾಲೇಜಿನ ವಾರ್ಷಿಕ ಸಂಚಿಕೆಗಾಗಿ ಸಮಾಜಶಾಸ್ತ್ರದ ಲೇಖನವೊಂದನ್ನು ಕನ್ನಡಕ್ಕೆ ತರುತ್ತಿದ್ದೇನೆ. ಅದರಲ್ಲಿ ‘ಎಥ್ನೋಮೇನಿಯಾ’ ಎಂಬ ಅಪರೂಪದ ಪದ ಬಂದಿದೆ.

ಗ್ರೀಕಿನಲ್ಲಿ ‘ಎಥ್ನೋಸ್’ ಎಂದರೆ ಜನ, ‘ಮೇನಿಯಾ’ ಎಂದರೆ ಹುಚ್ಚು. ತನ್ನ ಜನಾಂಗದ ಬಗ್ಗೆ ಗೀಳು ಹಿಡಿದಂಥ ಅಭಿಮಾನ ಎಂಬಷ್ಟು ಅರ್ಥ ತಿಳಿಯುತ್ತದೆ. ತೊಡಕಿರುವುದು ನೆರೆಯ ಪದಗಳಿಂದ. 1906ರಲ್ಲಿ ಅಮೆರಿಕದ ಸಮಾಜಶಾಸ್ತ್ರಜ್ಞ ವಿಲಿಯಂ ಗ್ರಹಾಂ ಸಮ್ನರ್ ಜನಪ್ರಿಯಗೊಳಿಸಿದ ‘ಎಥ್ನೋಸೆಂಟ್ರಿಸಂ’ಗೆ ‘ಸ್ವಜನಾಂಗ ಕೇಂದ್ರಿತತೆ’ ಎಂದು ಬರೆದಿದ್ದೇನೆ: ತನ್ನವರ ರೀತಿನೀತಿಯಿಂದಲೇ ಉಳಿದವರನ್ನು ಅಳೆಯುವುದು. ಅದು ಉನ್ಮಾದವಾಗಬೇಕಿಲ್ಲ, ನಮ್ಮೆಲ್ಲರಲ್ಲೂ ಚೂರುಪಾರು ಇರುತ್ತದೆ. ‘ಜನಾಂಗದ್ವೇಷ’ ಎಂದರೆ ಗುರಿ ಹೊರಗಿನವರತ್ತ ತಿರುಗುತ್ತದೆ. ಇಲ್ಲಿ ದ್ವೇಷಕ್ಕಿಂತ ಮೋಹವೇ ಮುಂದು.

‘ಜಾತಿ ವ್ಯಾಮೋಹ’ ಎನ್ನಿ ಎಂದು ಹಿರಿಯ ಮೇಷ್ಟ್ರೊಬ್ಬರು ಸೂಚಿಸಿದರು. ಹಲವು ಸಮುದಾಯಗಳ ಮಠಗಳಿರುವ ನಮ್ಮೂರಿನಲ್ಲಿ, ಪರಿಚಯವಾದೊಡನೆ ‘ನೀವು ನಮ್ಮವರೇನು?’ ಎಂದು ಕೇಳುವವರ ನಡುವೆ, ಆ ಪದ ಥಟ್ಟನೆ ಅರ್ಥವಾಗುತ್ತದೆ ನಿಜ. ಆದರೆ ಲೇಖನದ ವಸ್ತು ಜಾತಿಯಲ್ಲ. ಭಾಷೆ, ವಂಶ, ಆಚಾರಗಳಿಂದ ಗುರುತಿಸಿಕೊಳ್ಳುವ ಜನಸಮುದಾಯಗಳು. ‘ದುರಭಿಮಾನ’ ಸೊಗಸಾಗಿದೆ, ಯಾವುದರ ಬಗ್ಗೆ ಎಂಬುದನ್ನು ಮಾತ್ರ ಹೇಳುವುದಿಲ್ಲ. ‘ಜನಾಂಗೋನ್ಮಾದ’ ಎಂದು ಹೊಸೆದು ನೋಡಿದೆ. ಅರ್ಥ ಸರಿ, ಗಟ್ಟಿಯಾಗಿ ಓದಿದರೆ ನಾಲಿಗೆ ತೊಡರುತ್ತದೆ.

ಸದ್ಯಕ್ಕೆ ‘ಜನಾಂಗದ ಗೀಳು’ ಹಿಡಿಸಿದೆ. ಆದರೆ ಆ ಗೀಳು ಹಿಡಿದವನಿಗೆ ಒಂದೇ ಪದ ಬೇಕಲ್ಲ? ‘ಮತಾಂಧ’ ಇದ್ದಂತೆ ‘ಜನಾಂಗಾಂಧ’ ಎಂದರೆ ಸರಿಹೋದೀತೇ?

ನಿಘಂಟಿನಲ್ಲೋ ಪತ್ರಿಕೆಯಲ್ಲೋ ಇಂಥ ಬಳಕೆ ಕಂಡವರಿದ್ದರೆ ದಯವಿಟ್ಟು ವಾಕ್ಯಸಮೇತ ತಿಳಿಸಿ. ಶನಿವಾರ ಪುಟಗಳು ಅಚ್ಚಿಗೆ ಹೋಗುತ್ತವೆ.