ಸ್ಪ್ಲಿಟ್ ಆಲ್ಬಂಗೆ 'ಜೋಡಾಟ', ಕೊಲಾಬ್ ಆಲ್ಬಂಗೆ 'ಕೂಡಾಟ' ಅನ್ನಬಹುದಾ?

ಎಲ್ಲರಿಗೂ ನಮಸ್ಕಾರ,

ಬೇರೆ ಬೇರೆ ಭಾಷೇಲಿ ಹಾಡೋ ಎರಡು ಬ್ಯಾಂಡುಗಳು ಸೇರಿ ಮಾಡಿರೋ ಆಲ್ಬಂ ಬಗ್ಗೆ ಬರೀತಾ ಇದೀನಿ, ಮೊದಲ ಸಾಲಲ್ಲೇ ಸಿಕ್ಕಾಕೊಂಡೆ, ಈ ಥರದ್ದಕ್ಕೆ ಕನ್ನಡದಲ್ಲಿ ಏನನ್ನೋದು?

'ದ್ವಿಭಾಷಾ ಆಲ್ಬಂ' ಅಂತ ಬರೆದು ಅಳಿಸಿದೆ. ದ್ವಿಭಾಷಾ ಚಿತ್ರ ಅಂದ್ರೆ ಒಂದೇ ಕಥೇನ ಎರಡು ಭಾಷೇಲಿ ತೆಗೆದದ್ದು ಅಂತ ನಮಗೆಲ್ಲ ರೂಢಿ ಆಗಿದೆಯಲ್ಲ, ಹಾಗಾಗಿ ಅವೇ ಹಾಡುಗಳನ್ನ ಎರಡೆರಡು ಸಲ ಹಾಡಿದಾರೆ ಅನ್ಕೊಂಡುಬಿಡ್ತಾರೆ. 'ಸಹಯೋಗ' ಅಂದ್ರೆ ಆಮಂತ್ರಣ ಪತ್ರಿಕೆಯ ಕೊನೇ ಸಾಲು. 'ಜಂಟಿ' ಬ್ಯಾಂಕ್ ಖಾತೆಗೆ ಸರಿ. ಜುಗಲ್‌ಬಂದಿ ಒಳ್ಳೇ ಪದಾನೇ, ಆದ್ರೆ ಅಲ್ಲಿ ಇಬ್ಬರು ಕಲಾವಿದರು ಕೂತಿರ್ತಾರೆ, ಎರಡು ಇಡೀ ತಂಡ ಅಲ್ಲ.

ಜೊತೆಗೆ ಇದರಲ್ಲಿ ಎರಡು ಬಗೆ ಇದೆ. ಸ್ಪ್ಲಿಟ್ ಅಂದ್ರೆ ಎಲ್‌ಪಿ ರೆಕಾರ್ಡಿನ ಒಂದು ಬದಿ, ಇಪ್ಪತ್ತು ಚಿಲ್ಲರೆ ನಿಮಿಷ, ಒಂದು ಬ್ಯಾಂಡಿಗೆ, ಮಗುಚಿ ಹಾಕಿದ್ರೆ ಇನ್ನೊಂದು ಬ್ಯಾಂಡು, ಇಬ್ಬರೂ ಮುಖಾಮುಖಿ ಆಗದೇನೂ ಮುಗಿಸಬಹುದು. ಇನ್ನೊಂದು ಕೊಲಾಬ್, ಅಂದ್ರೆ ಎಲ್ಲರೂ ಕೂತು ಒಂದೇ ಹಾಡನ್ನ ಕಟ್ಟೋದು, ಅಮೆರಿಕದ ಸನ್ ಮತ್ತೆ ಜಪಾನಿನ ಬೋರಿಸ್ ಬ್ಯಾಂಡುಗಳು 2006ರಲ್ಲಿ ಮಾಡಿದ 'ಆಲ್ಟರ್' ಈ ಥರದ್ದು.

ಈ ವ್ಯತ್ಯಾಸಕ್ಕೆ ಯಕ್ಷಗಾನದಲ್ಲಿ ಆಗಲೇ ಪದ ಇದೆ ಅಂತ ಹೊಳೆದಾಗ ನಂಗೆ ತುಂಬಾ ಖುಷಿ ಆಯ್ತು. ಅಕ್ಕಪಕ್ಕ ಎರಡು ರಂಗಸ್ಥಳ ಹಾಕಿ ಎರಡು ಮೇಳ ತಮ್ಮ ತಮ್ಮ ಭಾಗವತರು, ಚೆಂಡೆ, ಮದ್ದಳೆ ಇಟ್ಕೊಂಡು ಆಡಿದ್ರೆ ಜೋಡಾಟ, ಎರಡೂ ಮೇಳದವರು ಒಂದೇ ರಂಗಸ್ಥಳದಲ್ಲಿ ಕೂಡಿ ಆಡಿದ್ರೆ ಕೂಡಾಟ.

ನನ್ನ ಕೈಲಿರೋ ಆಲ್ಬಂ ಖಂಡಿತ ಕೂಡಾಟಾನೇ. ಮೂರನೇ ಹಾಡಲ್ಲಿ ಒಬ್ಬಳು ತನ್ನ ಭಾಷೇಲಿ ಸಾಲು ಮುಗಿಸ್ತಾ ಕೊನೇ ಅಕ್ಷರಾನ ಎಳೀತಾಳೆ, ಅದು ನಿಲ್ಲೋ ಮೊದಲೇ ಇನ್ನೊಬ್ಬ ಅದೇ ಅಕ್ಷರ ಹಿಡಕೊಂಡು ತನ್ನ ಭಾಷೆಯ ಪದ ಶುರು ಮಾಡ್ತಾನೆ, ಕೀಲು ಎಲ್ಲಿದೆ ಅಂತ ಮೂರು ಸಲ ಕೇಳಿದ ಮೇಲೆ ಗೊತ್ತಾಯ್ತು. ಇದನ್ನ ಮಣಿಪ್ರವಾಳ ಅನ್ನೋಣ ಅಂದ್ರೆ ಅಲ್ಲಿ ಭಾಷೆ ಬೆರೆಸೋನು ಒಬ್ಬನೇ ಕವಿ, ಇಲ್ಲಿ ಬಾಯಿ ಎರಡು.

ನನ್ನ ಅನುಮಾನ ಇಷ್ಟು. ಜೋಡಾಟದಲ್ಲಿ ಪೈಪೋಟಿಯ ಅರ್ಥ ಗಟ್ಟಿಯಾಗಿದೆ, ಸ್ಪ್ಲಿಟ್‌ನಲ್ಲಿ ಅದಿಲ್ಲ, ಹಾಗೇ ಬಳಸಿದ್ರೆ ಆಟ ನೋಡಿ ಬೆಳೆದವರಿಗೆ ಇರುಸುಮುರುಸು ಆಗತ್ತಾ? ಯಕ್ಷಗಾನದ ಪರಿಚಯ ಇಲ್ಲದವರಿಗೆ 'ಕೂಡಾಟದ ಆಲ್ಬಂ' ಅಂದ್ರೆ ಏನನ್ಸತ್ತೆ? 'ಕೂಡುಹಾಡು' ಅಂತ ಹೊಸದಾಗಿ ಕಟ್ಟಬಹುದು, ಆದ್ರೆ ಬಳಕೇಲಿರೋ ಪದ ಬಿಡೋಕೆ ಮನಸ್ಸಿಲ್ಲ. ಮೇಳಗಳ ಒಡನಾಟ ಇರೋರು ದಯವಿಟ್ಟು ಹೇಳಿ.