‘ಫ್ಲೀಬ್ಯಾಗ್’ನ ಆ ಅಪ್ಪ ಯಾರು? 7:84 ಅಂದರೆ ಏನು?

ಸೀರಿಯಲ್ ಹುಚ್ಚಿ:

‘ಫ್ಲೀಬ್ಯಾಗ್’ ಅನ್ನುವ ಬ್ರಿಟಿಷ್ ಸೀರಿಯಲ್ಲಿನ ಎರಡು ಸೀಸನ್ನೂ ನೋಡಿ ಮುಗಿಸಿದೆ. ಎಲ್ಲರೂ ಆ ಪಾದ್ರಿ ಬಗ್ಗೆಯೇ ಮಾತಾಡುತ್ತಾರೆ. ನನ್ನ ತಲೆಯಲ್ಲಿ ಕೂತಿರುವವರು ನಾಯಕಿಯ ಅಪ್ಪ. ಒಂದು ವಾಕ್ಯವನ್ನೂ ನೆಟ್ಟಗೆ ಮುಗಿಸದ ಮನುಷ್ಯ! ನಟ ಯಾರು ಅಂತ ಹುಡುಕಿದೆ: ಬಿಲ್ ಪ್ಯಾಟರ್ಸನ್, 1945ರಲ್ಲಿ ಸ್ಕಾಟ್ಲೆಂಡಿನ ಗ್ಲಾಸ್ಗೋದಲ್ಲಿ ಹುಟ್ಟಿದವರು. ‘7:84 ಎಂಬ ರಾಜಕೀಯ ನಾಟಕ ತಂಡದಿಂದ ಬಂದವರು’ ಅಂತ ಒಂದೇ ಸಾಲು ಬರೆದು ಎಲ್ಲರೂ ಮುಂದೆ ಹೋಗಿಬಿಡುತ್ತಾರೆ. ಇದೇನು ಹೆಸರು? ಏಳು ಗಂಟೆ 84 ನಿಮಿಷ ಯಾವ ಗಡಿಯಾರದಲ್ಲಿ ಬರುತ್ತೆ? ಅಷ್ಟು ಮೆತ್ತಗಿನ ಮನುಷ್ಯನಿಗೂ ಘೋಷಣೆ ಕೂಗುವ ನಾಟಕಕ್ಕೂ ಎಲ್ಲಿಂದೆಲ್ಲಿಯ ಸಂಬಂಧ? ಗೊತ್ತಿರುವವರು ಸ್ವಲ್ಪ ಬಿಡಿಸಿ ಹೇಳಿ.

ಅಬರ್ಡೀನ್ ಗೌಡ:

ಮೇಡಂ, ಇದು ನನ್ನ ಪ್ರೀತಿಯ ವಿಷಯ, ಉದ್ದ ಆದರೆ ಬೇಜಾರು ಮಾಡಿಕೊಳ್ಳಬೇಡಿ.

7:84 ಗಡಿಯಾರ ಅಲ್ಲ, ಲೆಕ್ಕ. ಬ್ರಿಟನ್ನಿನ ಜನರಲ್ಲಿ ಶೇಕಡಾ 7 ಮಂದಿಯ ಕೈಯಲ್ಲಿ ದೇಶದ ಆಸ್ತಿಯ ಶೇಕಡಾ 84 ಇದೆ ಅಂತ 1966ರಲ್ಲಿ ‘ದಿ ಎಕನಾಮಿಸ್ಟ್’ ಪತ್ರಿಕೆಯಲ್ಲಿ ಬಂದಿತ್ತು. ಜಾನ್ ಮೆಗ್ರಾತ್ ಅನ್ನುವ ನಾಟಕಕಾರ 1971ರಲ್ಲಿ ತಂಡ ಕಟ್ಟಿದಾಗ ಅದನ್ನೇ ಹೆಸರಾಗಿ ಇಟ್ಟರು. ವ್ಯಾನಿನ ಮೇಲೆ, ಪೋಸ್ಟರ್ ಮೇಲೆ ಆ ಹೆಸರು ಕಂಡವರು ‘ಏನ್ರೀ ಇದು?’ ಅಂತ ಕೇಳಲೇಬೇಕು. ನೀವೂ ಕೇಳಿದಿರಲ್ಲ, ಕೆಲಸ ಆಯ್ತು ನೋಡಿ.

1973ರಲ್ಲಿ ಸ್ಕಾಟ್ಲೆಂಡಿಗೆ ಬೇರೆ ತಂಡ ಆಯಿತು. ಪ್ಯಾಟರ್ಸನ್ ಶುರುವಿನಿಂದಲೇ ಅದರಲ್ಲಿದ್ದರು. ಅದಕ್ಕೂ ಮೊದಲು ಅವರು ಕ್ವಾಂಟಿಟಿ ಸರ್ವೇಯರ್ ಕೆಲಸ ಕಲಿಯುತ್ತಿದ್ದವರು. ಕಟ್ಟಡಕ್ಕೆ ಎಷ್ಟು ಇಟ್ಟಿಗೆ, ಎಷ್ಟು ಸಿಮೆಂಟ್ ಅಂತ ಲೆಕ್ಕ ಹಾಕುವ ಕೆಲಸ. ಅದನ್ನು ಬಿಟ್ಟು ಗ್ಲಾಸ್ಗೋದ ನಾಟಕ ಶಾಲೆ ಸೇರಿದರು. 1967ರಲ್ಲಿ ಅಲ್ಲಿನ ಸಿಟಿಜನ್ಸ್ ಥಿಯೇಟರಿನಲ್ಲಿ ಜರ್ಮನ್ ನಾಟಕಕಾರ ಬ್ರೆಕ್ಟ್‌ನ ‘ಆರ್ಟುರೋ ಉಯಿ’ ನಾಟಕದಿಂದ ವೃತ್ತಿ ಶುರು.

ಇನ್ನು ಆ ತಂಡದ ದೊಡ್ಡ ನಾಟಕ: ‘ದಿ ಶೆವಿಯಟ್, ದಿ ಸ್ಟ್ಯಾಗ್ ಅಂಡ್ ದಿ ಬ್ಲ್ಯಾಕ್, ಬ್ಲ್ಯಾಕ್ ಆಯಿಲ್’. ಶೆವಿಯಟ್ ಅಂದರೆ ಒಂದು ಜಾತಿ ಕುರಿ, ಸ್ಟ್ಯಾಗ್ ಅಂದರೆ ಗಂಡು ಜಿಂಕೆ. ಹತ್ತೊಂಬತ್ತನೇ ಶತಮಾನದಲ್ಲಿ ಉತ್ತರ ಸ್ಕಾಟ್ಲೆಂಡಿನ ಜಮೀನ್ದಾರರು ಕುರಿ ಸಾಕಿದರೆ ಲಾಭ ಜಾಸ್ತಿ ಅಂತ ಗೇಣಿದಾರರನ್ನು ಒಕ್ಕಲೆಬ್ಬಿಸಿದರು. 1814ರಲ್ಲಿ ಸ್ಟ್ರಾತ್‌ನೇವರ್ ಕಣಿವೆಯಲ್ಲಿ ಮನೆಗಳಿಗೆ ಬೆಂಕಿಯೇ ಬಿತ್ತು. ಅಲ್ಲಿ ಮುಂದೆ ನಿಂತಿದ್ದ ಜಮೀನ್ದಾರರ ಏಜೆಂಟ್ ಪ್ಯಾಟ್ರಿಕ್ ಸೆಲ್ಲರ್ ಮೇಲೆ ಕೇಸ್ ಆಯಿತು, 1816ರಲ್ಲಿ ಖುಲಾಸೆಯೂ ಆಯಿತು. ಕುರಿ ಆದಮೇಲೆ ಸಾಹುಕಾರರ ಶಿಕಾರಿಗೆ ಜಿಂಕೆ. ಜಿಂಕೆ ಆದಮೇಲೆ ಎಣ್ಣೆ. ನೆಲ ಅದೇ, ಬಂದು ಬಾಚಿಕೊಳ್ಳುವವರು ಮಾತ್ರ ಬೇರೆ. ಗಮನಿಸಿ, ನಾಟಕ ಆಡಿದ್ದು 1973ರಲ್ಲಿ. ಉತ್ತರ ಸಮುದ್ರದ ಎಣ್ಣೆ ಬ್ರಿಟನ್ನಿನ ದಡ ಮುಟ್ಟಿದ್ದು 1975ರಲ್ಲಿ!

ಇದನ್ನು ಅವರು ಊರೂರಿಗೆ ಹೋಗಿ ಆಡಿದ್ದು ಹಳ್ಳಿಯ ಸಮುದಾಯ ಭವನಗಳಲ್ಲಿ. ಒಂದು ಆಳೆತ್ತರದ ಪುಸ್ತಕವೇ ಸೆಟ್. ಹಾಳೆ ತಿರುಗಿಸಿದರೆ ಬೆಟ್ಟವೋ ಗುಡಿಸಲೋ ಎದ್ದು ನಿಲ್ಲುತ್ತದೆ. ಮಾಡಿಕೊಟ್ಟವರು ಚಿತ್ರಕಾರ ಜಾನ್ ಬರ್ನ್. ಮುಚ್ಚಿ ವ್ಯಾನಿನ ತಲೆ ಮೇಲೆ ಕಟ್ಟಿಕೊಂಡು ಮುಂದಿನ ಊರಿಗೆ ಹೊರಡುತ್ತಿದ್ದರು. ಶುರುವಿಗೆ ಪಿಟೀಲು, ಜನರೂ ಸೇರಿ ಒಂದು ಹಾಡು. ನಡುವೆ ಹಾಸ್ಯ, ಕೋರ್ಟು, ಅಲ್ಲಿನ ಹಳೆಯ ಭಾಷೆ ಗೇಲಿಕ್‌ನ ಹಾಡು. ನಾಟಕ ಮುಗಿದ ಮೇಲೆ ಕುರ್ಚಿ ಬದಿಗೆ ಸರಿಸಿ ಎಲ್ಲರೂ ಕುಣಿಯುವುದು. ನಟರು ಒಬ್ಬೊಬ್ಬರೂ ಒಂದೇ ಸಂಜೆ ಹಲವು ವೇಷ ಹಾಕಬೇಕು. ಟೊಪ್ಪಿ ಬದಲಾಯಿತು ಅಂದರೆ ಆಸಾಮಿಯೂ ಬದಲಾದ.

ಈಗ ನಿಮ್ಮ ಪ್ರಶ್ನೆಗೆ ಬರುತ್ತೇನೆ. ಎದುರಿಗೆ ಕೂತವರು ಯಾರು? ಒಕ್ಕಲೆಬ್ಬಿಸಿಕೊಂಡವರ ಮರಿಮಕ್ಕಳು. ಕಥೆ ಅವರಿಗೆ ನಟರಿಗಿಂತ ಚೆನ್ನಾಗಿ ಗೊತ್ತು. 1854ರಲ್ಲಿ ಕ್ರಿಮಿಯನ್ ಯುದ್ಧಕ್ಕೆ ಸೈನಿಕರು ಬೇಕು ಅಂತ ಅಲ್ಲಿನ ದೊಡ್ಡ ಜಮೀನ್ದಾರ ಸದರ್ಲೆಂಡ್ ಡ್ಯೂಕ್ ಬಂದಾಗ ‘ನಿಮ್ಮ ಕುರಿಗಳನ್ನೇ ಕಳಿಸಿ’ ಅಂದರಂತೆ ಜನ. ಅಜ್ಜಿಯ ಬಾಯಲ್ಲಿ ಇದನ್ನು ಕೇಳಿ ಬೆಳೆದವರ ಮುಂದೆ ನೀವು ಎದೆ ಬಡಿದುಕೊಂಡು ಡೈಲಾಗ್ ಹೊಡೆದರೆ ನಕ್ಕುಬಿಡುತ್ತಾರೆ. ಸುಮ್ನೆ ಹೇಳಬೇಕು, ಅವರ ಮುಖ ನೋಡಿಕೊಂಡು ಹೇಳಬೇಕು. ಪ್ಯಾಟರ್ಸನ್ ಅವರ ಆ ಮೆತ್ತಗಿನ ಗುಣ ಅಲ್ಲಿ ಪಳಗಿದ್ದು ಅಂತ ನನ್ನ ಅಭಿಪ್ರಾಯ. ರಾಜಕೀಯ ನಾಟಕ ಅಂದ ತಕ್ಷಣ ನಾವು ಯಾಕೆ ಕೂಗಾಟವನ್ನೇ ನೆನೆಯುತ್ತೇವೋ!

ಕೆಂಪು ಟೋಪಿ:

ಚೆನ್ನಾಗಿ ಬರೆದಿದ್ದೀರಿ ಗೌಡ್ರೇ. ಆದರೆ ಒಂದು ಮಾತು. ಹಳ್ಳಿ ಭವನದಲ್ಲಿ ಜಮೀನ್ದಾರರನ್ನು ಬೈದು, ಆಮೇಲೆ ಟಿವಿ, ಸಿನಿಮಾ ಅಂತ ಲಂಡನ್ನಿಗೆ ನಡೆದವರೇ ತಾನೇ ಇವರೂ? ನಮ್ಮಲ್ಲೂ ಬೀದಿ ನಾಟಕದಿಂದ ಸೀರಿಯಲ್‌ಗೆ ಹೋದವರನ್ನು ಬೇಕಾದಷ್ಟು ನೋಡಿದ್ದೇವೆ. ‘ರಾಜಕೀಯ ರಂಗಭೂಮಿಯ ಬೇರು’ ಅನ್ನುವುದು ಸಂದರ್ಶನದಲ್ಲಿ ಹೇಳಿಕೊಳ್ಳೋಕೆ ಚೆಂದ, ಅಷ್ಟೇ ಅಲ್ವಾ?

ಇನ್ನೊಂದು: ನೀವೇ ಎಣ್ಣೆ ಕಂಪನಿಯಲ್ಲಿ ಇರುವವರು. ಆ ನಾಟಕ ನಿಮ್ಮನ್ನೇ ಬೈಯುತ್ತದಲ್ಲ!

ಅಬರ್ಡೀನ್ ಗೌಡ:

ಹೌದು, ಬೈಯುತ್ತದೆ. ಡಂಡಿ ರೆಪ್ ತಂಡ 2015ರಲ್ಲಿ ಇದೇ ನಾಟಕವನ್ನು ಮತ್ತೆ ಆಡಿದಾಗ ಹೋಗಿ ಬೈಸಿಕೊಂಡು ಬಂದೆ. ಬ್ಯಾರೆಲ್ ಬೆಲೆ ನೆಲ ಕಚ್ಚಿದ್ದ ಕಾಲ. ಆಫೀಸಿನಲ್ಲಿ ನನ್ನ ಸಾಲಿನ ಕುರ್ಚಿಗಳೆಲ್ಲ ಖಾಲಿಯಾಗುತ್ತಿದ್ದವು. ಟೆಕ್ಸಾಸಿನ ಎಣ್ಣೆ ಸಾಹುಕಾರ ರಂಗದ ಮೇಲೆ ಬಂದಾಗ ನಾನೇ ಜೋರಾಗಿ ನಕ್ಕೆ. ಪೈಪ್‌ಲೈನ್ ಲೆಕ್ಕ ಹಾಕುವವನೂ ಒಕ್ಕಲೇ ಸ್ವಾಮಿ, ಧಣಿ ಅಲ್ಲ.

‘ಬಿಟ್ಟು ಹೋದರು’ ಅನ್ನುವುದನ್ನು ಮಾತ್ರ ಒಪ್ಪುವುದಿಲ್ಲ. ಅವರು ಆರಿಸಿದ ಪಾತ್ರ ನೋಡಿ. 1978ರಲ್ಲಿ ಡೇವಿಡ್ ಹೇರ್ ಬರೆದ ಟಿವಿ ನಾಟಕ ‘ಲಿಕಿಂಗ್ ಹಿಟ್ಲರ್’. ಯುದ್ಧಕಾಲದಲ್ಲಿ ಜರ್ಮನ್ನರಿಗೆ ರೇಡಿಯೊದಲ್ಲಿ ಸುಳ್ಳು ಹಬ್ಬಿಸುವವರ ಕಥೆ. ಆ ಸುಳ್ಳು ಬರೆಯುವ ಗ್ಲಾಸ್ಗೋದ ಸಿಡುಕ ಇವರೇ. 1989ರ ‘ಟ್ರಾಫಿಕ್’ ಟಿವಿ ಸರಣಿಯಲ್ಲಿ ಡ್ರಗ್ಸ್ ಹತೋಟಿ ಮಾಡಲು ಪಾಕಿಸ್ತಾನಕ್ಕೆ ಹೋಗುವ ಮಂತ್ರಿ. ಮನೆಯಲ್ಲಿ ಮಗಳೇ ಹೆರಾಯಿನ್‌ಗೆ ಬಿದ್ದಿರುತ್ತಾಳೆ. ಇದೇ ಕಥೆಯನ್ನು ಹಾಲಿವುಡ್‌ನವರು 2000ದಲ್ಲಿ ಸಿನಿಮಾ ಮಾಡಿದರು. ಮೈಕೆಲ್ ಡಗ್ಲಸ್ ಮಾಡಿದ್ದು ಇವರ ಪಾತ್ರಕ್ಕೆ ಸಾಟಿಯಾದದ್ದನ್ನೇ. ನನ್ನ ಓಟು ಪ್ಯಾಟರ್ಸನ್‌ಗೆ. ತನ್ನ ಭಾಷಣವನ್ನು ತಾನೇ ನಂಬದೆ ಹೋಗುವ ಮಂತ್ರಿಯನ್ನು ದನಿ ಏರಿಸದೆ ತೋರಿಸುತ್ತಾರೆ. ಅದು ರಾಜಕೀಯ ಅಲ್ಲದೆ ಇನ್ನೇನು?

ಮತ್ತೆ, ತಂಡದಲ್ಲೇ ಉಳಿಯೋಣ ಅಂದರೆ ತಂಡ ಉಳಿಯಬೇಕಲ್ಲ. ಇಂಗ್ಲೆಂಡಿನ 7:84 ತಂಡದ ಅನುದಾನ 80ರ ದಶಕದ ನಡುವೆಯೇ ನಿಂತಿತು. 1988ರಲ್ಲಿ ಸ್ಕಾಟ್ಲೆಂಡಿನ ತಂಡಕ್ಕೂ ಕತ್ತರಿ ಬಿತ್ತು, ಮೆಗ್ರಾತ್ ರಾಜೀನಾಮೆ ಕೊಟ್ಟರು. ನಟ ಅಕ್ಕಿ ಬೇಳೆ ತರುವುದು ಬೇಡವೇ?

ಸೀರಿಯಲ್ ಹುಚ್ಚಿ:

ಇಬ್ಬರಿಗೂ ಥ್ಯಾಂಕ್ಸ್. ‘ಫ್ಲೀಬ್ಯಾಗ್’ನ ಮೊದಲನೇ ಎಪಿಸೋಡಿನಲ್ಲಿ ಮಗಳು ಕುಡಿದು ರಾತ್ರಿ ಮನೆಗೆ ಬರುತ್ತಾಳಲ್ಲ, ಅಪ್ಪ ಏನೂ ಹೇಳಲಾಗದೆ ಟ್ಯಾಕ್ಸಿ ಕರೆಸುತ್ತಾರೆ. ಈಗ ಮತ್ತೆ ನೋಡಿದೆ. ಅವರು ಮಾತಾಡುವುದಕ್ಕಿಂತ ಮಗಳ ಮುಖ ಓದುವುದೇ ಜಾಸ್ತಿ. ನಾಟಕವನ್ನು ಈಗ ನೋಡಬೇಕು ಅಂದರೆ ರೆಕಾರ್ಡಿಂಗ್ ಇದೆಯಾ?

ಅಬರ್ಡೀನ್ ಗೌಡ:

ಇದೆ. 1974ರಲ್ಲಿ ಬಿಬಿಸಿ ‘ಪ್ಲೇ ಫಾರ್ ಟುಡೇ’ ಸರಣಿಯಲ್ಲಿ ಪ್ರಸಾರವಾಯಿತು, ನಿರ್ದೇಶನ ಜಾನ್ ಮೆಕೆಂಜಿ. ಹಳ್ಳಿ ಭವನದ ಪ್ರದರ್ಶನ, ಒಕ್ಕಲೆಬ್ಬಿಸುವ ದೃಶ್ಯ, ಎಣ್ಣೆ ಕೆಲಸಗಾರರ ಸಂದರ್ಶನ ಎಲ್ಲ ಸೇರಿಸಿ ಹೆಣೆದಿದ್ದಾರೆ. ಆದರೆ ಮೊದಲು ‘ಕಂಫರ್ಟ್ ಅಂಡ್ ಜಾಯ್’ ನೋಡಿ, 1984ರ ಸಿನಿಮಾ. ಕ್ರಿಸ್‌ಮಸ್ ಹೊತ್ತಿಗೆ ಗೆಳತಿ ಬಿಟ್ಟು ಹೋದ ಗ್ಲಾಸ್ಗೋ ರೇಡಿಯೊ ಜಾಕಿ ಐಸ್‌ಕ್ರೀಮ್ ವ್ಯಾನಿನವರ ಜಗಳದಲ್ಲಿ ಸಿಕ್ಕಿಕೊಳ್ಳುತ್ತಾನೆ. ಪೂರ್ತಿ ಪ್ಯಾಟರ್ಸನ್ ಸಿನಿಮಾ. ನಾಟಕಕ್ಕೆ ಸಬ್‌ಟೈಟಲ್ ಹಾಕಿಕೊಳ್ಳಿ, ಆ ಉಚ್ಚಾರಣೆ ಸ್ಕಾಟ್ಲೆಂಡಿನಲ್ಲೇ ಇರುವ ನನಗೇ ಎಷ್ಟೋ ಸಲ ದಕ್ಕುವುದಿಲ್ಲ.