ಕಾಲವನ್ನು ತಿದ್ದುವುದರ ಮೇಲಿನ ಒಪ್ಪಂದ: ಜಾರಿಯ ದಿನಾಂಕದ ಬಗ್ಗೆ ಒಂದು ಪ್ರಶ್ನೆ

ಪ್ರಶ್ನೆ:
ನಾನು ಬರೆಯುತ್ತಿರುವ ಕಾದಂಬರಿಯಲ್ಲಿ ಕಾಲಯಂತ್ರಗಳನ್ನು ನಿಯಂತ್ರಿಸಲು ರಾಷ್ಟ್ರಗಳು ಒಂದು ಒಪ್ಪಂದಕ್ಕೆ ಸಹಿ ಹಾಕುತ್ತವೆ. 1967ರ ಬಾಹ್ಯಾಕಾಶ ಒಪ್ಪಂದವನ್ನು ಮಾದರಿಯಾಗಿಟ್ಟುಕೊಂಡು, ಭೂತಕಾಲದ ಮೇಲೆ ಯಾವ ರಾಷ್ಟ್ರವೂ ಒಡೆತನ ಸಾಧಿಸುವಂತಿಲ್ಲ ಎಂಬ ವಿಧಿಯನ್ನು ಸೇರಿಸಿದ್ದೇನೆ. ಆದರೆ ಒಬ್ಬನು ಸಹಿ ಬೀಳುವುದಕ್ಕೂ ಹಿಂದಿನ ದಿನಕ್ಕೆ ಹೋಗಿ ಎಸಗಿದ ಕೃತ್ಯಕ್ಕೆ ಈ ಒಪ್ಪಂದ ಅನ್ವಯಿಸುತ್ತದೆಯೇ?

ಉತ್ತರ 1:
ಬೇರೆ ಉದ್ದೇಶ ವ್ಯಕ್ತವಾಗದಿದ್ದರೆ ಅನ್ವಯಿಸುವುದಿಲ್ಲ. ಒಪ್ಪಂದಗಳ ಕಾನೂನಿಗೆ ಸಂಬಂಧಿಸಿದ 1969ರ ವಿಯೆನ್ನಾ ಒಡಂಬಡಿಕೆಯ 28ನೆಯ ವಿಧಿಯ ಪ್ರಕಾರ, ಒಪ್ಪಂದವು ಜಾರಿಗೆ ಬರುವ ಮೊದಲು ನಡೆದ ಕೃತ್ಯಗಳು ಸಾಮಾನ್ಯವಾಗಿ ಅದರ ವ್ಯಾಪ್ತಿಗೆ ಬರುವುದಿಲ್ಲ. ಆದ್ದರಿಂದ ಕೃತ್ಯದ ದಿನಾಂಕವನ್ನು ಪ್ರಯಾಣಿಕನು ತಲುಪಿದ ಕಾಲದಿಂದಲ್ಲ, ಹೊರಟ ಕ್ಷಣದಿಂದ ಎಣಿಸಬೇಕೆಂದು ನಿಮ್ಮ ಕರಡಿನಲ್ಲಿ ಸ್ಪಷ್ಟವಾಗಿ ಬರೆಯಿರಿ. ನನ್ನ ದೃಷ್ಟಿಯಲ್ಲಿ ಇಡೀ ಒಪ್ಪಂದದ ಜೀವಾಳ ಈ ಒಂದೇ ವಾಕ್ಯ.

ಉತ್ತರ 2:
‘ಕಾಲವನ್ನು ತಿದ್ದುವುದು’ ಎಂದರೇನು ಎಂಬ ವ್ಯಾಖ್ಯಾನದಲ್ಲೂ ಎಚ್ಚರಿಕೆ ಬೇಕು. ಜಿಪಿಎಸ್ ಉಪಗ್ರಹಗಳ ಗಡಿಯಾರಗಳು ಸಾಪೇಕ್ಷತೆಯ ಕಾರಣದಿಂದ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ ಮುಂದೆ ಓಡುವುದರಿಂದ ಅವುಗಳನ್ನು ಸರಿಹೊಂದಿಸಲಾಗುತ್ತದೆ; ಇಂಥದ್ದು ಉಲ್ಲಂಘನೆಯಾಗಬಾರದು. ತಪಾಸಣೆಯಂತೂ ಇನ್ನೂ ಕಠಿಣ. 1959ರ ಅಂಟಾರ್ಕ್ಟಿಕ್ ಒಪ್ಪಂದದ ವೀಕ್ಷಕರು ನೆಲೆಗಳನ್ನು ಕಣ್ಣಾರೆ ನೋಡಬಲ್ಲರು, ಆದರೆ ಭೂತಕಾಲ ಬದಲಾದರೆ ನಿಮ್ಮ ತಪಾಸಕರ ನೆನಪೂ ಅದರೊಂದಿಗೇ ಬದಲಾಗಿರುತ್ತದೆಯಲ್ಲವೇ?

ಪ್ರಶ್ನೆ ಕೇಳಿದವರು:
ಹೊರಟ ಕ್ಷಣದ ನಿಯಮವನ್ನು ಸೇರಿಸುತ್ತೇನೆ. ತಪಾಸಕರ ನೆನಪಿನ ತೊಡಕಿಗೆ ಒಂದು ಅಧ್ಯಾಯವನ್ನೇ ಮೀಸಲಿಡಬೇಕಾಗುತ್ತದೆ.